ಮದುಮಕ್ಕಳ ಹಿಂದೆ ಏನಿತ್ತು

ನನ್ನ ಮದುವೆಯ ಕ್ಯಾಸೆಟ್ಟನ್ನು ನೋಡಿ ಮುಗಿಸಿದ ಮೇಲೆ ಅವರು ಆಡಿದ ಮೊದಲ ಮಾತು ಇದು: "ಸರ, ನಿಮ್ಮ ಹಿಂದ ಬಸ್ ಸ್ಟ್ಯಾಂಡ್ ಭಾಳ ಚಲೋ ಬಂದೈತ್ರಿ."

ಬಾಸಿಂಗ ಕಟ್ಟಿಕೊಂಡು, ಬೆವರು ಸುರಿಸುತ್ತ ಮೆರವಣಿಗೆಯ ಜೀಪಿನಲ್ಲಿ ಕುಳಿತ ನಾನು ಅವರಿಗೆ ಕಂಡೇ ಇರಲಿಲ್ಲ. ಚಿಕ್ಕೋಡಿಯ ಹಳೆಯ ಬಸ್ ನಿಲ್ದಾಣ, ಅದರ ಮುಂದಿನ ಬೇವಿನ ಗಿಡ, ಗಿಡದ ಬುಡದಲ್ಲಿ ಕೊಡೆ ರಿಪೇರಿ ಮಾಡುವವನು, ಅವನ ಮಗ್ಗುಲಿಗೆ ಮಲಗಿದ ನಾಯಿ ಎಲ್ಲ ಕಂಡಿದ್ದವು. "ಮದಿವಿ ಆದವ್ರು ಇನ್ನೂ ಅದಾರ, ನಾಳೆನೂ ಇರತಾರ. ಆ ಬಸ್ ಸ್ಟ್ಯಾಂಡ್ ಎಲ್ಲೈತಿ ಹೇಳ್ರಿ?" ಎಂದು ನನ್ನನ್ನೇ ಕೇಳಿದರು. ನಾನು ನಾಳೆಯೂ ಇರುತ್ತೇನೆಂದು ಅಷ್ಟು ಖಾತ್ರಿಯಿಂದ ಹೇಳಿದವರು ಅದುವರೆಗೆ ಯಾರೂ ಇರಲಿಲ್ಲ. ನನಗೇ ಆ ನಂಬಿಕೆ ಇರಲಿಲ್ಲ. ಅಂದು ಬೆಳಿಗ್ಗೆಯಷ್ಟೇ ಎಡಗೈ ಜೋಮು ಹಿಡಿದು, ನಾನು ಮನಸ್ಸಿನಲ್ಲೇ ಅರ್ಧ ಮೃತ್ಯುಪತ್ರ ಬರೆದು ಮುಗಿಸಿದ್ದೆ.

ಈಗ ನೋಡಿದರೆ ನಾನು ಇದ್ದೇನೆ. ಅವರು ಹೋದ ತಿಂಗಳು ತೀರಿಕೊಂಡರು. ಹಳೆಯ ವಿದ್ಯಾರ್ಥಿಯೊಬ್ಬ ಫೋನ್ ಮಾಡಿ, "ಸರ, ಅಕ್ಕಾರು ಹೋದ್ರು" ಅಂದ. ಯಾವ ಅಕ್ಕಾರು ಎಂದು ಕೇಳುವ ಅಗತ್ಯವಿರಲಿಲ್ಲ. ಹೆಗಲ ಮೇಲೆ ಕ್ಯಾಮೆರಾ ಹೊತ್ತ ಅಕ್ಕಾರು ನಮ್ಮ ಊರಿಗೆಲ್ಲ ಒಬ್ಬರೇ.

ತವರು ನಿಪ್ಪಾಣಿ. ಶಾಲೆ ಕಲಿತದ್ದು ಮರಾಠಿಯಲ್ಲಿ. ಹಾಗಾಗಿ ಅವರ ಮಾತು ಕನ್ನಡದಲ್ಲಿ ಹೊರಟು, ಸಿಟ್ಟು ಬಂದರೆ ನಡುವೆಯೇ ಗಡಿ ದಾಟಿ ಮರಾಠಿಗೆ ಹೋಗುತ್ತಿತ್ತು. ಸ್ಟುಡಿಯೋ ಹಾಕಿದವರು ಗಂಡ. ಆದರೆ ಆತ ಬಹಳ ನಾಚಿಕೆಯ ಮನುಷ್ಯ. ಅಕ್ಷತೆ ಬೀಳುವ ಹೊತ್ತಿಗೆ ಯಾರಾದರೂ ಹೆಂಗಸರು "ಸ್ವಲ್ಪ ಬಾಜೂ ಸರೀರಿ" ಅಂದರೆ ಸರಿದು, ಸರಿದು, ಕೊನೆಗೆ ಮಂಟಪದ ಹೊರಗೆ ನಿಂತಿರುತ್ತಿದ್ದರಂತೆ. ಹೀಗೆ ಒಂದೆರಡು ಮದುವೆಗಳ ತಾಳಿಯೇ ಕ್ಯಾಸೆಟ್ಟಿನಲ್ಲಿ ಬರದೆ ಹೋದಾಗ ಅಕ್ಕಾರು ಸೆರಗು ಸೊಂಟಕ್ಕೆ ಸಿಕ್ಕಿಸಿ ತಾವೇ ಕ್ಯಾಮೆರಾ ಎತ್ತಿಕೊಂಡರು. "ನನ್ನ ಯಾರ ಸರಸ್ತಾರ ನೋಡ್ತೀನಿ" ಎಂಬುದು ಅವರ ನಿಲುವು. ಯಾರೂ ಸರಿಸಲಿಲ್ಲ.

ಗುಣಗಾನ ಮಾಡಲು ಕುಳಿತವನಂತೆ ಬರೆಯಬಾರದು. ಅವರ ಕೆಟ್ಟ ಚಾಳಿಗಳೂ ಇದ್ದವು. ಒಂದು ಕ್ಯಾಸೆಟ್ಟನ್ನು ತೆಗೆದರೆ ಅದರದೇ ಡಬ್ಬಿಗೆ ಮರಳಿ ಇಟ್ಟ ಉದಾಹರಣೆ ಇಲ್ಲ. ಅವರ ಗಂಡನ ಆಯುಷ್ಯದ ಒಂದು ದೊಡ್ಡ ಪಾಲು ಯಾರ ಮದುವೆ ಯಾರ ಡಬ್ಬಿಯಲ್ಲಿ ಸೇರಿದೆ ಎಂದು ಹುಡುಕುವುದರಲ್ಲೇ ಕಳೆಯಿತು. ಚೀಲದಲ್ಲಿ ಯಾವಾಗಲೂ ಭಡಂಗಿನ ಪೊಟ್ಟಣ. ಚುರುಮುರಿಯ ಎಣ್ಣೆ ಹತ್ತಿದ ಬೆರಳಿನಿಂದಲೇ ಗುಂಡಿ ಒತ್ತುತ್ತಿದ್ದರು. ಮನುಷ್ಯರ ಹೆಸರು ನೆನಪಿರುತ್ತಿರಲಿಲ್ಲ. ಬಸ್ಸಿನಲ್ಲಿ ಸಿಕ್ಕ ಒಬ್ಬ ಮರ್ಯಾದಸ್ಥ ಗೃಹಸ್ಥನಿಗೆ ಎಲ್ಲರೆದುರು, "ನಿಮ್ದು ಆ ಕತ್ತಿ ಒದರೂ ಮದಿವಿ ಅಲ್ಲೇನ್ರಿ?" ಎಂದಿದ್ದನ್ನು ನಾನೇ ಕೇಳಿದ್ದೇನೆ. ಅವರ ಕ್ಯಾಸೆಟ್ಟಿನಲ್ಲಿ ಅಕ್ಷತೆಯ ಹೊತ್ತಿಗೆ ಹಿಂದೊಂದು ಕತ್ತೆ ಒದರಿತ್ತು. ಆ ಗೃಹಸ್ಥರು ಅದಾದ ಮೇಲೆ ಅವರನ್ನು ಕಂಡರೆ ಬೇರೆ ಬಸ್ಸು ಹತ್ತುತ್ತಿದ್ದರು.

ಅವರು ನನ್ನ ಮದುವೆಯನ್ನು ನೋಡಿದ್ದು ಹಳೆಯ ಕ್ಯಾಸೆಟ್ಟುಗಳನ್ನು ಸೀಡಿಗೆ ಇಳಿಸಿಕೊಡುವ ಧಂದೆ ಶುರುವಾದ ಕಾಲದಲ್ಲಿ. ಊರೂರಿನ ಮದುವೆಗಳು ಅವರ ಅಂಗಡಿಗೆ ಬರತೊಡಗಿದವು. ಇಳಿಯುವುದಕ್ಕೆ ಮೂರು ತಾಸು ಬೇಕು. ಆ ಮೂರು ತಾಸು ಮದುಮಕ್ಕಳನ್ನು ಎಷ್ಟಂತ ನೋಡುವುದು? ಅಕ್ಕಾರು ಮದುಮಕ್ಕಳ ಹಿಂದೆ ನೋಡತೊಡಗಿದರು. ಅಲ್ಲಿ ಕೆಡವಿದ ಮನೆಗಳು ನಿಂತಿದ್ದವು, ಬತ್ತಿದ ಬಾವಿಯಲ್ಲಿ ನೀರಿತ್ತು, ಈಗ ಕಬ್ಬು ತುಂಬಿದ ಹೊಲಗಳಲ್ಲಿ ಜೋಳ ಇತ್ತು. ಯಡೂರಿನ ಆಚೆಗಿನ ಒಂದು ಹಳ್ಳಿಯಲ್ಲಿ ಕೃಷ್ಣೆಗೆ ಸೇತುವೆಯಾಗಿ, ನಾವ ನಿಂತುಹೋದದ್ದು ಅದೇ ಸುಮಾರಿಗೆ. ನಮ್ಮ ಕಡೆ ದೋಣಿಗೆ 'ನಾವ' ಅನ್ನುತ್ತಾರೆ. ಮದುವೆಯ ದಿಬ್ಬಣಗಳೆಲ್ಲ ಆ ನಾವದಲ್ಲೇ ದಾಟಿದವು. ಆ ನಾವದ ಮೇಲೊಂದು ಡಾಕ್ಯುಮೆಂಟರಿ ಮಾಡಬೇಕೆಂದು ಅಕ್ಕಾರಿಗೆ ಹೊಳೆಯಿತು. ಮಾಡೆಂದು ಹೇಳಿದವರು ಯಾರೂ ಇಲ್ಲ. ನಿಂತುಹೋದ ನಾವವನ್ನು ಈಗ ಹೋಗಿ ಶೂಟಿಂಗ್ ಮಾಡುವ ಹಾಗೂ ಇಲ್ಲ. ಇರುವುದೆಲ್ಲ ಮಂದಿಯ ಮನೆಯ ಕಪಾಟಿನಲ್ಲಿ, ಮದುಮಗಳ ಹಿಂದೆ.

ಕಾಲೇಜಿನಲ್ಲಿ ಕನ್ನಡ ಕಲಿಸುವವನಾದ್ದರಿಂದ ನಿರೂಪಣೆ ಬರೆಯುವ ಕೆಲಸಕ್ಕೆ ನನ್ನನ್ನು ಹಿಡಿದರು. ಒಪ್ಪಿಕೊಂಡ ಮರುಗಳಿಗೆಯಿಂದ ನನಗೆ ಚಿಂತೆ. ಮಂದಿಯ ಮದುವೆ ನಮ್ಮ ಪಿಕ್ಚರಿನಲ್ಲಿ ಹಾಕಿದರೆ ಕೋರ್ಟಿಗೆ ಹೋದಾರೇ? ಕ್ಯಾಸೆಟ್ಟು ನಮ್ಮ ಕೈಯಲ್ಲೇ ಹರಿದರೆ? ಎಲ್ಲಕ್ಕಿಂತ ದೊಡ್ಡ ಚಿಂತೆ ಅವರ ಸ್ಕೂಟರಿನದು. ನನಗೆ ಗಾಡಿ ಬರುವುದಿಲ್ಲ. ಅಕ್ಕಾರು ಮುಂದೆ, ನಾನು ಹಿಂದೆ, ತೊಡೆಯ ಮೇಲೆ ವೀಸಿಆರ್. ಕಬ್ಬಿನ ಟ್ರ್ಯಾಕ್ಟರುಗಳ ನಡುವೆ ಅವರು ಗಾಡಿ ನುಗ್ಗಿಸಿದಾಗ ನಾನು ಕಣ್ಣು ಮುಚ್ಚಿಕೊಳ್ಳುತ್ತಿದ್ದೆ. "ಸರ, ಕಣ್ ಮುಚ್ಚಬ್ಯಾಡ್ರಿ, ನಿಮ್ಮ ಸ್ಟೂಡೆಂಟ್ಸ್ ನಮಸ್ಕಾರ ಮಾಡಾಕತ್ತಾರ" ಎಂದು ಕೂಗುತ್ತಿದ್ದರು.

ಅವರದೊಂದು ಪದ್ಧತಿ. ಯಾರ ಮನೆಯ ಕ್ಯಾಸೆಟ್ಟನ್ನೂ ಕೇಳಿ ಇಸಿದುಕೊಂಡು ಬರುತ್ತಿರಲಿಲ್ಲ. ಅವರ ಮನೆಯಲ್ಲೇ, ಮನೆಯವರ ಜೊತೆಗೇ ಪೂರ್ತಿ ನೋಡಬೇಕು. ಅಲಖನೂರದ ಒಂದು ಮನೆಯಲ್ಲಿ ಹಾಗೆ ಕುಳಿತಿದ್ದೆವು. ದಿಬ್ಬಣ ಹೊಳೆಯ ದಂಡೆಗೆ ಇಳಿಯಿತು. ಬಾಜಾಬಜಂತ್ರಿ ನಿಂತಿತು. ಕ್ಯಾಮೆರಾ ನಿಧಾನವಾಗಿ ನೀರಿನ ಕಡೆ ತಿರುಗಿತು. ನಾವದ ಮೂತಿ ಕಾಣಿಸಿತು. ಅಕ್ಕಾರು ಭಡಂಗ ತಿನ್ನುವುದನ್ನು ನಿಲ್ಲಿಸಿದರು. ಅಷ್ಟರಲ್ಲಿ ಪರದೆ ಗರ್ ಎಂದು ಕುಣಿದು, ಹಸಿರು ಮೈದಾನ ಬಂದು, ಒಬ್ಬ ಬೌಲರ್ ಓಡತೊಡಗಿದ.

"ಇದೇನ್ರಿ?" ಎಂದೆ.

ಮನೆಯ ಯಜಮಾನರು ಸಂಕೋಚವಿಲ್ಲದೆ, "ಮ್ಯಾಚ್ ರೀ ಸರ. ಅವತ್ತ ಮನ್ಯಾಗ ಖಾಲಿ ಕ್ಯಾಸೆಟ್ ಇರಲಿಲ್ಲ" ಅಂದರು.

"ಮದಿವಿ ಮ್ಯಾಲ ತುಂಬಿದ್ರೇನ್ರಿ?" ಎಂದರು ಅಕ್ಕಾರು.

"ಮದಿವಿ ಏನಾತಂತ ನಮಗ ಗೊತ್ತ ಐತಲ್ರೀ. ಮ್ಯಾಚ್ ಏನಾಗ್ತೈತಂತ ಗೊತ್ತಿರಲಿಲ್ಲ."

ಒಳಗಿನಿಂದ ಅವರ ಹೆಂಡತಿ, "ಆ ಮ್ಯಾಚ್ ಸುದ್ದಾ ಸೋತಾರ್ರಿ ಅಕ್ಕಾರ" ಎಂದು ಕೂಗಿ ಹೇಳಿದಳು. ವಾಪಸು ಬರುವ ದಾರಿಯುದ್ದಕ್ಕೂ ಅಕ್ಕಾರು ನಕ್ಕರು. ಸ್ಕೂಟರ್ ಹೊಯ್ದಾಡಿತು. ನಾನು ದೇವರನ್ನು ನೆನೆದೆ.

ನಾವ ಸಿಕ್ಕಿತು, ಬೇರೆ ಬೇರೆ ಮನೆಗಳಲ್ಲಿ, ಚೂರುಚೂರಾಗಿ. ಆದರೆ ನಾವ ನಡೆಸುವ ಅಂಬಿಗನ ಮುಖ ಮಾತ್ರ ಎಲ್ಲೂ ಸಿಗಲಿಲ್ಲ. ಮದುಮಗಳ ಆಚೆ, ನಾವದ ತುದಿಯಲ್ಲಿ, ಗಳ ಊರಿ ನಿಂತ ಒಂದು ಬೆನ್ನು. ಬಲ ಭುಜ ಒಂದಿಷ್ಟು ಇಳಿದ ಬೆನ್ನು, ಕೊರಳಿಗೆ ಸುತ್ತಿ ಹಿಂದಕ್ಕೆ ಇಳಿಬಿಟ್ಟ ವಲ್ಲಿ ಬಟ್ಟೆ. ಅವನು ಇನ್ನೇನು ಹೊರಳಿದ ಎನ್ನುವಷ್ಟರಲ್ಲಿ ಕ್ಯಾಮೆರಾ ಮದುಮಗಳ ಮೂಗುತಿಗೆ ಹೋಗುತ್ತಿತ್ತು. "ಕ್ಯಾಸೆಟ್ಟಿನ ರೊಕ್ಕ ಕೊಟ್ಟಾಂವ ಮದುಮಗಳ ಅಪ್ಪ. ಅಂಬಿಗನ ಮಾರಿ ಯಾರಿಗಿ ಬೇಕಾಗಿತ್ರಿ?" ಎಂದರು ಅಕ್ಕಾರು.

ಸ್ಥಳೀಯ ಕೇಬಲ್ಲಿನಲ್ಲಿ ಟೀವಿಯ ಕೆಳಗೆ ಓಡುವ ಪಟ್ಟಿಯೊಂದನ್ನು ಹಾಕಿಸೋಣ ಎಂದೆವು. ಬರೆದವನು ನಾನು. ದೋಣಿ ಎಂದು ಬರೆದರೆ ಪುಸ್ತಕದ ಮಾತಾಗುತ್ತದೆ, ನಮ್ಮ ಮಂದಿಗೆ ನಮ್ಮ ಮಾತೇ ಇರಲಿ ಎಂದು ಬಹಳ ಅಭಿಮಾನದಿಂದ, 'ಹಳೆಯ ನಾವದ ಕ್ಯಾಸೆಟ್ ಇದ್ದವರು ತಿಳಿಸಿರಿ' ಎಂದು ಬರೆದುಕೊಟ್ಟೆ.

ಫೋನುಗಳು ಬಂದವು. ರಾಯಬಾಗದಿಂದ, ಅಥಣಿಯಿಂದ, ಕಾಗವಾಡದಿಂದ. ಮಂದಿ ಕ್ಯಾಸೆಟ್ಟುಗಳನ್ನು ಬಸ್ಸಿನಲ್ಲಿ ಕಳಿಸಿದರು, ತಾವೇ ತಂದರು. ಅಂಗಡಿಯ ಮೇಜು ತುಂಬಿತು. ಮೊದಲನೆಯದನ್ನು ಹಾಕಿದರೆ ತೊಟ್ಟಿಲು. ಎರಡನೆಯದನ್ನು ಹಾಕಿದರೆ ತೊಟ್ಟಿಲು. ಮೂರನೆಯದರಲ್ಲಿ ಅತ್ತೆ ಎನ್ನುವವಳೊಬ್ಬಳು ಕೂಸಿನ ಕಿವಿಯಲ್ಲಿ ಕುರ್ ಎಂದು ಹೆಸರು ಹೇಳುತ್ತಿದ್ದಳು. ಅಕ್ಕಾರು ನನ್ನನ್ನೇ ದುರುಗುಟ್ಟಿ ನೋಡಿದರು.

"ಅರೇ ದೇವಾ! ಸರ, ಮರಾಠ್ಯಾಗ ನಾವ್ ಅಂದ್ರ ಹೆಸರ್ರಿ. ಇವೆಲ್ಲಾ ಹೆಸರಿಡೂ ಕ್ಯಾಸೆಟ್!"

"ಮರಾಠಿಯಲ್ಲಿ ದೋಣಿಗೂ ನಾವ್ ಅಂತಾರಲ್ರೀ" ಎಂದು ಗೊಣಗಿದೆ.

"ಅಂತಾರ. ಆದ್ರ ಮನ್ಯಾಗ ಕ್ಯಾಸೆಟ್ ಮಾಡೂದು ಕೂಸಿಂದ್ರಿ, ದೋಣೀದಲ್ಲ!"

ಗಂಡ ಕೌಂಟರಿನ ಹಿಂದೆ ಮುಖ ಮರೆಸಿಕೊಂಡು ನಗುತ್ತಿದ್ದರು. ಅವರ ಮನೆಯಲ್ಲಿ ತಪ್ಪು ಮಾಡುವವರು ಇನ್ನೊಬ್ಬರು ಸಿಕ್ಕಿದ್ದು ಅವರಿಗೆ ಸಮಾಧಾನ ತಂದಂತೆ ಕಂಡಿತು.

ಆ ಪಟ್ಟಿಯನ್ನು ಸರಿಯಾಗಿ ಓದಿಕೊಂಡು ಬಂದವಳು ರುಕ್ಮಾ ಒಬ್ಬಳೇ. ಕಬ್ಬೂರಿನಲ್ಲಿ ಅಂಗನವಾಡಿಯ ಸಹಾಯಕಿ. ಚಪ್ಪಲಿ ಹೊರಗೆ ಬಿಟ್ಟು, ಬಾಗಿಲಲ್ಲೇ ನಿಂತು, "ನಾವ ನಡಸಾಂವ ನಮ್ಮಪ್ಪರಿ" ಅಂದಳು. ಅವಳು ತೀರ ಸಣ್ಣವಳಿದ್ದಾಗ ಆತ ಜ್ವರ ಬಂದು ಸತ್ತ. ತಾಯಿಯೂ ಬಹಳ ದಿನ ಉಳಿಯಲಿಲ್ಲ. ಸೋದರಮಾವ ಕಬ್ಬೂರಿಗೆ ಕರೆತಂದು ಸಾಕಿದ. ಅಪ್ಪನ ಫೋಟೋ ಎಂಬುದು ಒಂದೇ ಇದ್ದದ್ದು, ಹೊಳೆ ಒಂದು ವರ್ಷ ಮನೆಯೊಳಗೆ ಬಂದಾಗ ಹೋಯಿತು.

"ಮಾರಿ ನೆನಪಿಲ್ರಿ ನನಗ. ನಿಮ್ಮ ಕ್ಯಾಸೆಟ್ಟಿನ್ಯಾಗ ಎಲ್ಲೆರ ಸಿಕ್ರ, ಒಂದ ಫೋಟೋ ತಗದ ಕೊಡ್ರಿ ಅಕ್ಕಾರ. ಗ್ವಾಡಿಗಿ ಹಾಕತೀನಿ. ನನ್ನ ಮಗಳು ಅಜ್ಜ ಎಲ್ಲಿ ಅಂತಾಳ."

ಅಕ್ಕಾರು ಇದ್ದ ಬೆನ್ನುಗಳನ್ನೆಲ್ಲ ತೋರಿಸಿದರು. ಅವಳು ಒಂದೊಂದನ್ನೂ ಬಾಗಿ ನೋಡಿದಳು. ಹೊರಡುವಾಗ, "ಒಮ್ಮೆನೂ ಹೊಳ್ಳಿ ನೋಡಿಲ್ಲಲ್ರೀ" ಎಂದಷ್ಟೇ ಅಂದಳು.

ಅದಾದ ಮೇಲೆ ಅಕ್ಕಾರಿಗೆ ನಾವಕ್ಕಿಂತ ಅಂಬಿಗನೇ ಮುಖ್ಯನಾದ. ಅಥಣಿ ಕಡೆಯ ಒಂದು ಮದುವೆಯಲ್ಲಿ ಬೇರೆ ದಂಡೆಯ, ಬೇರೆ ನಾವದ ಅಂಬಿಗನ ಮುಖವೊಂದು ಸಿಕ್ಕಿತ್ತು. ಮುಂಜಾನೆಯ ಬೆಳಕು, ಸುಕ್ಕುಗಟ್ಟಿದ ಮುಖ, ನೆಟ್ಟ ನೋಟ. ನನ್ನ ನಿರೂಪಣೆಯ ಒಳ್ಳೆಯ ವಾಕ್ಯವೊಂದು ಅಂಥ ಮುಖಕ್ಕಾಗಿಯೇ ಕಾಯುತ್ತ ಕುಳಿತಿತ್ತು. "ಹೊಳೆ ಅದೇ, ಅಂಬಿಗನೂ ಅಂಬಿಗನೇ. ಹಾಕೋಣಲ್ರೀ, ಯಾರಿಗೆ ಗೊತ್ತಾಗ್ತದ?" ಎಂದೆ.

ಅವರು ಭಡಂಗಿನ ಪೊಟ್ಟಣ ಮಡಿಚಿ ಕೆಳಗಿಟ್ಟರು. ಇದು ಅವರ ಸಿಟ್ಟಿನ ಮೊದಲ ಲಕ್ಷಣ. "ಸರ, ನಾಳೆ ನೀವ ಸತ್ರ, ಪೇಪರಿನ್ಯಾಗ ಇನ್ನೊಬ್ಬ ಮಾಸ್ತರಂದು ಫೋಟೋ ಹಾಕಿದ್ರ ನಡೀತೈತೇನ್ರಿ? ಅಂವನೂ ಕನ್ನಡಾನ ಕಲಸಾಂವ." ಆಮೇಲೆ ಅವರು ದನಿ ತಗ್ಗಿಸಿ ಅಂದರು: "ಆ ಹುಡುಗಿ ಅದನ್ನ ಅಪ್ಪ ಅಂತ ತಿಳಕೊಂಡ ದಿನಾ ಕೈ ಮುಗೀತಾಳ್ರಿ. ಕೈ ಮುಗಸೂ ಕೆಲಸ ಸಣ್ಣದಲ್ಲ."

ಎರಡು ದಿನ ನನಗೆ ಊಟ ಸೇರಲಿಲ್ಲ. ಅವರ ನೀತಿಯ ಮಾತಿನಿಂದಲ್ಲ. ಪೇಪರಿನಲ್ಲಿ ಯಾವ ಮಾಸ್ತರನ ಫೋಟೋ ಬಂದೀತು ಎಂಬ ಯೋಚನೆಯಿಂದ.

ಹೆಸರಿಡುವ ಕ್ಯಾಸೆಟ್ಟುಗಳನ್ನು ಹಾಗೇ ಹಿಂದಿರುಗಿಸೋಣ ಎಂದರೆ ಅವರು ಒಪ್ಪಲಿಲ್ಲ. "ಮಂದಿ ನಂಬಿ ಕಳಿಸ್ಯಾರ. ನೋಡದ ಹೊಳ್ಳಿಸಿದ್ರ ಅಪಮಾನ ಆಗ್ತೈತಿ" ಎನ್ನುವುದು ಅವರ ತರ್ಕ. ಮಧ್ಯಾಹ್ನದ ಹೊತ್ತು, ಅಂಗಡಿಯಲ್ಲಿ ಗಿರಾಕಿ ಇಲ್ಲದಾಗ, ಒಂದೊಂದೇ ಹಾಕಿ ನೋಡುತ್ತಿದ್ದರು. ನಾನೂ ಕಾಲೇಜು ಮುಗಿಸಿ ಬಂದು ಕೂಡುತ್ತಿದ್ದೆ. ಆ ವಾರದಲ್ಲಿ ನಾನು ನೋಡಿದಷ್ಟು ತೊಟ್ಟಿಲುಗಳನ್ನು ಯಾವ ಸೂಲಗಿತ್ತಿಯೂ ನೋಡಿರಲಾರಳು.

ಕಾಗವಾಡದ ಹತ್ತಿರ ದ್ರಾಕ್ಷಿ ತೋಟ ಮಾಡಿಕೊಂಡಿರುವ ಒಬ್ಬ ಪಾಟೀಲರ ಮನೆಯ ಕ್ಯಾಸೆಟ್ಟು ಓಡುತ್ತಿತ್ತು. ಮೊದಲು ಅವರ ವಾಸ ಹೊಳೆಯ ದಂಡೆಯ ಆ ಹಳ್ಳಿಯಲ್ಲೇ. ಹೆಸರಿಟ್ಟಾಯಿತು, ಪಂಕ್ತಿ ಕೂತಿತು. ಕ್ಯಾಮೆರಾ ಉಣ್ಣುವವರ ಸಾಲಿನ ಹಿಂದಿನಿಂದ ಹೊರಟಿತ್ತು. ಅಕ್ಕಾರು ಸಟಕ್ಕನೆ ಮುಂದೆ ಬಾಗಿದರು.

"ಸರ, ಈ ಬೆನ್ನ ನನಗ ಗೊತ್ತೈತಿ."

ಬಲ ಭುಜ ಇಳಿದಿತ್ತು. ಕೊರಳಿಗೆ ವಲ್ಲಿ. ಕ್ಯಾಮೆರಾ ಸಾಲಿನ ಕೊನೆಯವರೆಗೆ ಹೋಯಿತು. ಆ ಕಡೆಯಿಂದ ತಿರುಗಿತು. ಈಗ ಮುಖಗಳು ಬರತೊಡಗಿದವು, ಒಂದಾದ ಮೇಲೊಂದು, ತುತ್ತು ಇಟ್ಟುಕೊಂಡ ಬಾಯಿಗಳು. ಈಗ ಮ್ಯಾಚು ಬರುತ್ತದೆ ಎಂದು ನನಗೆ ಖಾತ್ರಿ. ಬರಲಿಲ್ಲ. ವಲ್ಲಿಯವನು ಬಂದ. ಹೋಳಿಗೆ ಬಡಿಸುವವನು ಬಗ್ಗಿದ್ದಾನೆ, ಈತ ಎರಡೂ ಕೈಯಿಂದ ಎಲೆ ಮುಚ್ಚಿಕೊಂಡು, ತಲೆ ಎತ್ತಿ ಏನೋ ಅಂದು, ಬಾಯಿ ತುಂಬ ನಗುತ್ತಿದ್ದಾನೆ. ಸುತ್ತಲಿನವರೂ ನಗುತ್ತಿದ್ದಾರೆ. ಅಷ್ಟರಲ್ಲಿ ಪರದೆಯ ಮೂಲೆಯಿಂದ ಒಂದು ಕೆಂಪು ಹಾರ್ಟು ಹಾರಿಬಂದು ಅವನನ್ನು ನುಂಗಿತು.

ಮುಖ ಸಿಕ್ಕ ಸಂತೋಷ ಅಕ್ಕಾರಲ್ಲಿ ಕಾಣಲಿಲ್ಲ.

"ಈ ಹಾರ್ಟ್ ನಂದ್ರಿ" ಅಂದರು. "ಈ ಮಿಕ್ಸಿಂಗ್ ನಾನ ಮಾಡೇನಿ."

ಗಂಡ ಶೂಟಿಂಗ್ ಮಾಡಿ ತಂದದ್ದನ್ನು ಅವರು ಕತ್ತರಿಸಿ ಜೋಡಿಸುತ್ತಿದ್ದ ಹೊಸತರ ಕೆಲಸ ಅದು. ಆಗ ಗಿರಾಕಿಗಳಿಗೆ ಮಂದಿಯ ಗದ್ದಲ ಬೇಡ, ಹಾಡು ಬೇಕು. ಅಲ್ಲಿ ಉಂಡವರು, ನಕ್ಕವರು, ಹೆಸರು ಕೂಗಿದವರು, ಎಲ್ಲರ ದನಿಯನ್ನೂ ಅಳಿಸಿ ಅವರು ಆ ವರ್ಷದ ಒಂದು ಸಿನಿಮಾ ಹಾಡು ತುಂಬಿದ್ದರು. ಮೂಲ ಕ್ಯಾಸೆಟ್ಟಿನ ಮೇಲೆ ಮುಂದಿನ ಮದುವೆ ತುಂಬಿಯಾಗಿತ್ತು. ಅಂಬಿಗ ಏನೋ ಅಂದಿದ್ದಾನೆ, ತುಟಿ ಆಡುತ್ತಿದೆ, ಕೇಳುವುದು ಮಾತ್ರ ನಾಯಕಿಯ ವಿರಹ.

ಪಾಟೀಲರಿಗೆ ಫೋನ್ ಹಚ್ಚಿ, ಪಂಕ್ತಿಯಲ್ಲಿ ಎಲೆ ಮುಚ್ಚಿಕೊಂಡು ನಗುವ ವಲ್ಲಿಯವನು ಅಂಬಿಗನೇ ಹೌದೇ ಎಂದು ಕೇಳಿದೆವು. "ಹೋ, ತೋ ರಾಮಣ್ಣಾಚ್! ಅಂಬಿಗರ ರಾಮಣ್ಣನ ಅಂವ" ಎಂದು ಖಚಿತ ಮಾಡಿದರು. ಏನು ಅಂದನೆಂದು ಅವರಿಗೆ ಗೊತ್ತಿಲ್ಲ. ಅವರು ಆಗ ಅಡುಗೆಯವರ ಹತ್ತಿರ ಜಗಳದಲ್ಲಿದ್ದರಂತೆ.

ರುಕ್ಮಾ ಮರುದಿನ ಬಂದಳು. ನೋಡಿದಳು. ಅವಳ ಕೈ ತಾನಾಗಿ ಬಾಯಿಯ ಮೇಲೆ ಹೋಯಿತು. "ನಮ್ಮಪ್ಪ ಇಷ್ಟ ನಗತಿದ್ನೇನ್ರಿ?" ಅಂದಳು. ಗೋಡೆಗೆ ಹಾಕುವ ಫೋಟೋಗಾಗಿ ಅಕ್ಕಾರು ಚಿತ್ರವನ್ನು ನಿಲ್ಲಿಸಿದರು. ನಿಲ್ಲಿಸಿದ ಕೂಡಲೇ ಮುಖ ಗೆರೆಗೆರೆಯಾಗಿ ಒಡೆಯಿತು. ಹಳೆಯ ಟೇಪಿನ ಗುಣವೇ ಅದು. ಹಿಂದೆ ಸರಿಸಿ ನಿಲ್ಲಿಸಿದರು, ಮುಂದೆ ಒಯ್ದು ನಿಲ್ಲಿಸಿದರು. ಒಮ್ಮೆ ಕಣ್ಣಿಲ್ಲ, ಒಮ್ಮೆ ಗಲ್ಲವಿಲ್ಲ. ಓಡುವಾಗ ಮಾತ್ರ ರಾಮಣ್ಣ ಪೂರ್ತಿ ಇದ್ದ.

"ಬಿಡ್ರಿ ಅಕ್ಕಾರ, ನಿಲ್ಲಸಬ್ಯಾಡ್ರಿ" ಅಂದಳು ಕೊನೆಗೆ. ಇನ್ನೊಮ್ಮೆ ಓಡಿಸಿ ನೋಡಿ, "ಏನ ಅನಾಕತ್ತಾನ್ರಿ ಅಪ್ಪ?" ಎಂದು ಕೇಳಿದಳು.

ಅಕ್ಕಾರು ನನ್ನ ಮುಖ ನೋಡಲಿಲ್ಲ, ಗಂಡನ ಮುಖ ನೋಡಲಿಲ್ಲ. ಅವಳಿಗೇ ನೇರ ಹೇಳಿದರು: "ಅದರ ಮ್ಯಾಲ ಹಾಡ ಹಾಕಿದಾಕಿ ನಾನ ಅವ್ವಾ. ನನಗೂ ಗೊತ್ತಿಲ್ಲ."

ಚಿತ್ರದಲ್ಲಿ ಆ ತುಣುಕನ್ನು ಹಾಕಲು ರುಕ್ಮಾ ಒಪ್ಪಿದಳು. ಅಕ್ಕಾರು ಹಾರ್ಟನ್ನು ಕತ್ತರಿಸಿ ಎಸೆದರು, ಹಾಡನ್ನು ತೆಗೆದರು. ಈಗ ಅಲ್ಲಿ ಬರೀ ಮೌನ. ಅದಕ್ಕೆ ಹೊಂದುವ ಹಾಗೆ ನಾನು ನಾಲ್ಕು ಸಾಲು ಬರೆದು ಒಯ್ದೆ. ನದಿ, ಕಾಲ, ದಡ ಇತ್ಯಾದಿ. ಓದಿ ಮುಗಿಸಿ ನನಗೇ ಮರಳಿ ಕೊಟ್ಟರು.

"ನನ್ನ ಹಾಡ ಒಮ್ಮಿ ಅವನ ಬಾಯಿ ಮ್ಯಾಲ ಕುಂತೈತ್ರಿ. ಇನ್ನ ನಿಮ್ಮ ಮಾತ ಕುಂಡ್ರಸೂದ ಬ್ಯಾಡ."

"ಮಂದಿ ಸ್ಪೀಕರ್ ಕೆಟ್ಟೈತಿ ಅಂತಾರ್ರಿ."

"ಅನ್ಲಿ."

ಹೊಳೆಯ ದಂಡೆಯ ಆ ಹಳ್ಳಿಯ ಶಾಲೆಯಲ್ಲೇ ಮೊದಲ ಸಲ ತೋರಿಸಿದೆವು. ಹಾಡೇ ಹಗಲು. ಕಿಡಕಿಗಳಿಗೆಲ್ಲ ಕೌದಿ ಕಟ್ಟಿ ಕತ್ತಲು ಮಾಡಿದ್ದರು. ಕೋಣೆಯ ತುಂಬ ಮಂದಿ, ಮುದುಕಿಯರು ಮುಂದೆ. ರುಕ್ಮಾ ಮಗಳನ್ನು ತೊಡೆಯ ಮೇಲೆ ಕೂರಿಸಿಕೊಂಡು ಗೋಡೆಗೆ ಒರಗಿದ್ದಳು. ಅಕ್ಕಾರು ಯಂತ್ರದ ಹತ್ತಿರ. ನಾನು ಕರೆಂಟು ಹೋದೀತು, ಬಲ್ಬು ಸುಟ್ಟೀತು, ಯಾರದಾದರೂ ಮದುವೆಯ ಮಾತೆತ್ತಿ ಬಡಿದಾಟವಾದೀತು ಎಂದು ಬೆವರುತ್ತ ಬಾಗಿಲಲ್ಲಿ ನಿಂತಿದ್ದೆ. ಏನೂ ಆಗಲಿಲ್ಲ. ಮಂದಿ ತಮ್ಮ ತಮ್ಮ ಮಂದಿಯನ್ನು ಗುರುತಿಸಿ ಕೂಗುತ್ತ, ನಗುತ್ತ ನೋಡಿದರು.

ಆಮೇಲೆ ಪಂಕ್ತಿ ಬಂತು. ಸದ್ದೇ ಇಲ್ಲ. ಕೋಣೆಯೂ ಸ್ತಬ್ಧವಾಯಿತು. "ಸ್ಪೀಕರ್!" ಎಂದು ಯಾರಾದರೂ ಕೂಗುತ್ತಾರೆಂದು ನಾನು ತುಟಿ ಕಚ್ಚಿ ಕಾದೆ. ಪರದೆಯ ಮೇಲೆ ರಾಮಣ್ಣ ಎಲೆ ಮುಚ್ಚಿಕೊಂಡು ತಲೆ ಎತ್ತಿದ. ಅವನ ತುಟಿ ಆಡಿತು. ಮುಂದಿನ ಸಾಲಿನಲ್ಲಿ ಒಬ್ಬ ಮುದುಕಿ, ತಡವಿಲ್ಲದೆ, ಅವನ ತುಟಿಗೆ ಸರಿಯಾಗಿ ಕೂಗಿದಳು:

"ನಾವ ತುಂಬೇತಿ, ಮುಂದಿನ ಖೇಪಿಗಿ ಹಾಕ್ರಿ!"

ಕೋಣೆಗೆ ಕೋಣೆಯೇ ನಕ್ಕಿತು. ಅದೇ, ಅದೇ ಎಂದು ಹಿಂದಿನಿಂದ ಎರಡು ಮೂರು ಗಂಡು ದನಿಗಳು ಕೂಡಿದವು. ನಾವ ತುಂಬಿದ ಮೇಲೂ ಹತ್ತಲು ಬಂದವರಿಗೆ, ಮುಂದಿನ ಖೇಪಿಗೆ, ಅಂದರೆ ಮುಂದಿನ ಸುತ್ತಿಗೆ, ಬನ್ನಿ ಎಂದು ಅವನು ದಿನವೂ ಹೇಳುತ್ತಿದ್ದ ಮಾತು ಅದು. ಹೊಟ್ಟೆ ತುಂಬಿ ಎಲೆಯ ಮುಂದೆ ಕುಳಿತಾಗಲೂ ಅದನ್ನೇ ತಿರುಗಿಸಿ ಹೇಳುತ್ತಿದ್ದ.

ರುಕ್ಮಾ ಎದ್ದು ನಿಂತಿದ್ದಳು. "ಏನಂದ್ರಿ ಆಯೀ? ಏನಂದ್ರಿ?"

ಮುದುಕಿ ಹಿಂದಕ್ಕೆ ಹೊರಳಿ, "ನಿನಗ ಗೊತ್ತಿಲ್ಲೇನ ಬೇ? ಯಾರ ಮನಿಗಿ ಉಣ್ಣಾಕ ಕರದ್ರೂ ನಿಮ್ಮಪ್ಪ ಹಿಂಗ ಅಂತಿದ್ದ" ಅಂದಳು.

"ಯಾರೂ ಹೇಳೇ ಇಲ್ರಿ ನನಗ."

"ಅದ ಹೇಳೂ ಮಾತೇನ ಮಗಳ?"

ಚಿತ್ರ ಮುಂದಕ್ಕೆ ಓಡಿ, ಸೇತುವೆಗೆ ಬಂದಿತ್ತು. ಅಕ್ಕಾರು ಅದನ್ನು ನಿಲ್ಲಿಸಿ, ರುಕ್ಮಾ ಕೇಳುವ ಮೊದಲೇ ಹಿಂದಕ್ಕೆ ತಿರುಗಿಸುತ್ತಿದ್ದರು. ಬೆರಳು ಗಡಬಡಿಸಿ ತಂತಿಯನ್ನು ಎಳೆದಿರಬೇಕು, ಪರದೆ ಒಮ್ಮೆ ಮಿಣುಕಿತು.

"ಸರ, ಪ್ಲಗ್ ಹಿಡೀರಿ!"

ಗೋಡೆಯಲ್ಲಿ ಪ್ಲಗ್ಗು ಸಡಿಲವಾಗಿತ್ತು. ಶಾಕ್ ಹೊಡೆದೀತೇ ಎಂದು ಒಂದು ಗಳಿಗೆ ಯೋಚಿಸಿ, ಹೆಬ್ಬೆರಳಿನಿಂದ ಅದನ್ನು ಒತ್ತಿ ಹಿಡಿದುಕೊಂಡೆ. ಮುಖ ಗೋಡೆಗೆ ಇದ್ದುದರಿಂದ ನನಗೆ ಪರದೆ ಕಾಣುತ್ತಿರಲಿಲ್ಲ. ಪಂಕ್ತಿ ಮತ್ತೆ ಬಂದದ್ದು ಕೋಣೆ ಸುಮ್ಮನಾದದ್ದರಿಂದ ಗೊತ್ತಾಯಿತು. ಈ ಸಲ ಮುದುಕಿ ಬಾಯಿ ಬಿಡಲಿಲ್ಲ, ಗಂಡಸರೂ ಬಿಡಲಿಲ್ಲ. ಎಲ್ಲರೂ ಜಾಗ ಬಿಟ್ಟುಕೊಟ್ಟವರಂತೆ ಕಾದರು. ನನ್ನ ಬೆನ್ನ ಹಿಂದೆ, ಮೊದಲು ಮೆಲ್ಲಗೆ, ಆಮೇಲೆ ಇಡೀ ಹೊಳೆಗೆ ಕೇಳುವ ಹಾಗೆ, ರುಕ್ಮಾ ಅಪ್ಪನ ಮಾತನ್ನು ಅಂದಳು.